ನಿವೃತ್ತಿಗೆ ಮೂರು ದಿನವಿದ್ದಾಗ ಬಂದ ಚಾರ್ಜ್‌ಶೀಟ್: ಗ್ರಾಚ್ಯುಟಿ, ಪಿಂಚಣಿ, ರಜೆಯ ಹಣ ತಡೆಹಿಡಿದಿರುವ ಬಗ್ಗೆ ಸಲಹೆ ಬೇಕು

ನಿವೃತ್ತ ಹಿರಿಯ ವ್ಯವಸ್ಥಾಪಕ, ಶಿವಮೊಗ್ಗ:

ಎಲ್ಲರಿಗೂ ನಮಸ್ಕಾರ. ರಾಷ್ಟ್ರೀಕೃತ ಬ್ಯಾಂಕೊಂದರಲ್ಲಿ ಗುಮಾಸ್ತನಾಗಿ ಸೇರಿ, ಮೂವತ್ತೈದು ವರ್ಷ ದುಡಿದು, 2023ರ ಜೂನ್ 30ರಂದು ಹಿರಿಯ ವ್ಯವಸ್ಥಾಪಕನಾಗಿ ನಿವೃತ್ತನಾದೆ. ಬ್ಯಾಂಕಿನ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಜೂನ್ 27ರ ಸಂಜೆ, ಬೀಳ್ಕೊಡುಗೆಗೆ ಯಾವ ಹೋಟೆಲಿನಿಂದ ಊಟ ತರಿಸುವುದೆಂದು ಶಾಖೆಯವರು ಮಾತಾಡಿಕೊಳ್ಳುತ್ತಿದ್ದ ಹೊತ್ತಿಗೆ, ವಲಯ ಕಚೇರಿಯಿಂದ ಬಂದ ಲಕೋಟೆಗೆ ಸಹಿ ಹಾಕಿ ತೆಗೆದುಕೊಂಡೆ. ಒಳಗಿದ್ದದ್ದು ಚಾರ್ಜ್‌ಶೀಟ್. 2018-19ರಲ್ಲಿ ನಾನು ಮಂಜೂರು ಮಾಡಿದ್ದ ಒಂದು ಅಡಿಕೆ ಸಂಸ್ಕರಣಾ ಘಟಕದ ಕ್ಯಾಶ್ ಕ್ರೆಡಿಟ್ ಸಾಲ (ದಾಸ್ತಾನಿನ ಆಧಾರದ ಮೇಲೆ, ಮಿತಿಯೊಳಗೆ ಬೇಕಾದಾಗ ಪಡೆಯುವ ಸಾಲ) 2021ರ ಮಾರ್ಚ್‌ನಲ್ಲಿ ವಸೂಲಾಗದ ಸಾಲವಾಗಿತ್ತು. ದಾಸ್ತಾನು ಪರಿಶೀಲನೆಯನ್ನು ಸರಿಯಾಗಿ ಮಾಡಲಿಲ್ಲ, ಜಾಮೀನು ಆಸ್ತಿಯ ಮೌಲ್ಯಮಾಪನ ವರದಿಯನ್ನು ಪ್ರಶ್ನಿಸದೆ ಒಪ್ಪಿಕೊಂಡೆ, ಇದರಿಂದ ಬ್ಯಾಂಕಿಗೆ 62 ಲಕ್ಷ ರೂಪಾಯಿ ನಷ್ಟವಾಗುವ ಸಂಭವವಿದೆ ಎಂಬುದು ಆರೋಪ. ನಾನು ಲಂಚ ಪಡೆದೆನೆಂದಾಗಲಿ ಸುಳ್ಳು ದಾಖಲೆ ಸೃಷ್ಟಿಸಿದೆನೆಂದಾಗಲಿ ಅದರಲ್ಲಿ ಎಲ್ಲಿಯೂ ಇಲ್ಲ.

ಎರಡು ವರ್ಷ ದಾಟಿದೆ. ವಿಚಾರಣಾಧಿಕಾರಿಗಳು ಎರಡು ಬಾರಿ ಬದಲಾದರು. ಗ್ರಾಚ್ಯುಟಿ ಬಂದಿಲ್ಲ, ಉಳಿಸಿಕೊಂಡಿದ್ದ 240 ದಿನಗಳ ರಜೆಯ ನಗದೂ ಬಂದಿಲ್ಲ. ಭವಿಷ್ಯ ನಿಧಿಯಲ್ಲಿದ್ದ ನನ್ನ ಸ್ವಂತ ವಂತಿಗೆಯನ್ನು ಮಾತ್ರ ಕೊಟ್ಟಿದ್ದಾರೆ. ತಾತ್ಕಾಲಿಕ ಪಿಂಚಣಿಯೆಂದು ಐದು ತಿಂಗಳ ನಂತರ ಕೊಡಲಾರಂಭಿಸಿದ್ದು, ನನ್ನ ಲೆಕ್ಕದ ಪ್ರಕಾರ ಬರಬೇಕಾದುದರ ಮೂರರಲ್ಲಿ ಎರಡು ಪಾಲು ಮಾತ್ರ. ಕಮ್ಯುಟೇಶನ್‌ಗೆ (ಪಿಂಚಣಿಯ ಒಂದು ಭಾಗವನ್ನು ಮೊದಲೇ ಇಡಿಗಂಟಾಗಿ ಪಡೆಯಲು) ಕೊಟ್ಟ ಅರ್ಜಿಯನ್ನು ಹಿಂತಿರುಗಿಸಿದ್ದಾರೆ. ನಿವೃತ್ತನಾದ ಮೇಲೆ ನಾನು ಬ್ಯಾಂಕಿನ ನೌಕರನೇ ಅಲ್ಲವೆಂದ ಮೇಲೆ ಈ ವಿಚಾರಣೆ ಹೇಗೆ ಮುಂದುವರಿಯುತ್ತದೆ? ಇಷ್ಟೆಲ್ಲವನ್ನೂ ಒಟ್ಟಿಗೆ ತಡೆಹಿಡಿಯುವ ಅಧಿಕಾರ ಅವರಿಗೆ ಇದೆಯೇ? ತಿಳಿದವರು ದಯವಿಟ್ಟು ಹೇಳಬೇಕು.

ನೌಕರರ ಪರ ಪ್ರತಿನಿಧಿಯಾಗಿದ್ದವರು, ಮಂಗಳೂರು:

ಸರ್, ನಿಮ್ಮ ಪತ್ರ ಓದಿ ಮನಸ್ಸಿಗೆ ಸಂಕಟವಾಯಿತು. ಇಪ್ಪತ್ತು ವರ್ಷಗಳಲ್ಲಿ ಅನೇಕ ವಿಚಾರಣೆಗಳಲ್ಲಿ ಸಹೋದ್ಯೋಗಿಗಳ ಪರವಾಗಿ ಕುಳಿತವನು ನಾನು. ಮೊದಲ ಪ್ರಶ್ನೆಗೆ ಉತ್ತರ ನಿಮಗೆ ಹಿತವಾಗುವುದಿಲ್ಲ, ಆದರೂ ಹೇಳಬೇಕು. 1979ರ ಅಧಿಕಾರಿಗಳ ಸೇವಾ ನಿಯಮಾವಳಿಯ 20(3)(iii)ನೇ ನಿಯಮದ ಪ್ರಕಾರ, ಸೇವೆಯಲ್ಲಿದ್ದಾಗಲೇ ಶಿಸ್ತು ಕ್ರಮ ಆರಂಭವಾಗಿದ್ದರೆ ಅಧಿಕಾರಿಯು ನಿವೃತ್ತಿಯ ದಿನ ಸೇವೆಯಿಂದ ಹೊರಬಿದ್ದರೂ, ಆ ಕ್ರಮದ ಮಟ್ಟಿಗೆ ಅವರು ಇನ್ನೂ ಸೇವೆಯಲ್ಲಿರುವಂತೆಯೇ ಭಾವಿಸಿ ಅಂತಿಮ ಆದೇಶದವರೆಗೆ ವಿಚಾರಣೆಯನ್ನು ಮುಂದುವರಿಸಬಹುದು. ಆ ಅವಧಿಗೆ ಸಂಬಳ ಸಿಗುವುದಿಲ್ಲ. ಭವಿಷ್ಯ ನಿಧಿಯ ಸ್ವಂತ ವಂತಿಗೆಯನ್ನು ಬಿಟ್ಟು ಉಳಿದ ನಿವೃತ್ತಿ ಸೌಲಭ್ಯಗಳೂ ಸಿಗುವುದಿಲ್ಲವೆಂದು ಅದೇ ನಿಯಮ ಹೇಳುತ್ತದೆ. ಮೂರು ದಿನ ಮೊದಲು ಕೊಟ್ಟರೇನು, ಮೂರು ವರ್ಷ ಮೊದಲು ಕೊಟ್ಟರೇನು, ಚಾರ್ಜ್‌ಶೀಟ್ ನಿವೃತ್ತಿಗಿಂತ ಮೊದಲು ನಿಮ್ಮ ಕೈ ಸೇರಿದ್ದರೆ ವಿಚಾರಣೆ ಊರ್ಜಿತವಾಗುತ್ತದೆ.

ಆದರೆ ಇಲ್ಲಿಗೇ ಕೈಚೆಲ್ಲಬೇಡಿ. ನೀವು ಪಿಂಚಣಿ ಆಯ್ಕೆ ಮಾಡಿಕೊಂಡವರಾದ್ದರಿಂದ 1995ರ ನೌಕರರ ಪಿಂಚಣಿ ನಿಯಮಾವಳಿಯೂ ನಿಮಗೆ ಅನ್ವಯಿಸುತ್ತದೆ. ಅದರ 46ನೇ ನಿಯಮವನ್ನು ತೆರೆದು ನೋಡಿ. ವಿಚಾರಣೆ ಬಾಕಿಯಿರುವಾಗ ನಿವೃತ್ತರಾದವರಿಗೆ ತಾತ್ಕಾಲಿಕ ಪಿಂಚಣಿ ಕೊಡಬೇಕು, ಮತ್ತು ಅದು ಅವರಿಗೆ ಸಲ್ಲಬಹುದಾಗಿದ್ದ ಗರಿಷ್ಠ ಪಿಂಚಣಿಗೆ ಸಮನಾಗಿರಬೇಕು. ಮೂರರಲ್ಲಿ ಎರಡು ಪಾಲು ಎಂಬ ಲೆಕ್ಕ ಬರುವುದು ಕಡ್ಡಾಯ ನಿವೃತ್ತಿಯ ದಂಡನೆಗೆ ಒಳಗಾದವರಿಗೆ, 33ನೇ ನಿಯಮದ ಅಡಿಯಲ್ಲಿ. ನಿಮಗೆ ಇನ್ನೂ ಯಾವ ದಂಡನೆಯೂ ಆಗಿಲ್ಲ. ಪಿಂಚಣಿ ವಿಭಾಗದಲ್ಲಿ ಯಾರೋ ಎರಡು ನಿಯಮಗಳನ್ನು ಬೆರೆಸಿದ್ದಾರೆಂದು ನನ್ನ ಅನಿಸಿಕೆ. ವ್ಯತ್ಯಾಸದ ಬಾಕಿಯನ್ನು ಈ ನಿಯಮದ ಸಂಖ್ಯೆ ಹಾಕಿ ಲಿಖಿತವಾಗಿ ಕೇಳಿ. ಕಮ್ಯುಟೇಶನ್ ವಿಷಯದಲ್ಲಿ ಮಾತ್ರ ಬ್ಯಾಂಕು ಸರಿಯಿದೆ: ವಿಚಾರಣೆ ಮುಗಿಯುವವರೆಗೆ ಅದಕ್ಕೆ 47ನೇ ನಿಯಮದ ಅಡ್ಡಿಯಿದೆ. ವಯಸ್ಸು ಏರಿದಂತೆ ಇಡಿಗಂಟಿನ ಮೊತ್ತವನ್ನು ನಿರ್ಧರಿಸುವ ಕಮ್ಯುಟೇಶನ್ ಗುಣಕ ಇಳಿಯುತ್ತ ಹೋಗುತ್ತದೆ, ಆದ್ದರಿಂದ ವಿಚಾರಣೆ ಎಳೆದಷ್ಟೂ ನಿರ್ದೋಷಿಯಾದವರಿಗೂ ನಷ್ಟವೇ. ಈ ನಷ್ಟದ ಬಗ್ಗೆ ಯಾರೂ ಮಾತಾಡುವುದಿಲ್ಲ.

ಗ್ರಾಚ್ಯುಟಿಯನ್ನು ಈಗಲೇ ಕೇಳಿ ಪಡೆಯಬಹುದು. ನೀವು ನಿವೃತ್ತರಾದಾಗ ಜಾರಿಯಲ್ಲಿದ್ದ 1972ರ ಗ್ರಾಚ್ಯುಟಿ ಪಾವತಿ ಕಾಯ್ದೆ ಬ್ಯಾಂಕಿನ ನಿಯಮಗಳಿಗಿಂತ ಮೇಲಿನದು. ನಿವೃತ್ತರಾದ ಮೇಲೆ ವಜಾ ಮಾಡಲು ಬರುವುದಿಲ್ಲ, ವಜಾ ಇಲ್ಲದೆ ಮುಟ್ಟುಗೋಲು ಇಲ್ಲ ಎಂದು ಭಾರತ್ ಕೋಕಿಂಗ್ ಕೋಲ್ ಪ್ರಕರಣದಲ್ಲಿ 2006ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ.

ವಕೀಲರು, ಧಾರವಾಡ:

ಮಂಗಳೂರಿನ ಹಿರಿಯರು ಪಿಂಚಣಿಯ ಬಗ್ಗೆ ಬರೆದದ್ದನ್ನೆಲ್ಲ ಒಪ್ಪುತ್ತೇನೆ, ಆದರೆ ಅವರ ಕೊನೆಯ ಮಾತನ್ನು ತಿದ್ದಲೇಬೇಕು, ಏಕೆಂದರೆ ಅದನ್ನು ನಂಬಿ ಶಿವಮೊಗ್ಗದವರು ಅರ್ಜಿ ಹಾಕಿದರೆ ಮೊದಲ ದಿನವೇ ಅದು ಬಿದ್ದುಹೋಗುತ್ತದೆ. 2006ರ ಆ ತೀರ್ಪನ್ನು 2020ರ ಮೇ 27ರಂದು ಮೂವರು ನ್ಯಾಯಮೂರ್ತಿಗಳ ಪೀಠ ಮಹಾನದಿ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ತಳ್ಳಿಹಾಕಿತು. ಸೇವಾ ನಿಯಮಗಳಲ್ಲಿ ಅವಕಾಶವಿದ್ದರೆ ನಿವೃತ್ತಿಯ ನಂತರವೂ ವಿಚಾರಣೆ ಮುಂದುವರಿಸಿ ವಜಾದಂತಹ ದೊಡ್ಡ ದಂಡನೆಯನ್ನೂ ವಿಧಿಸಬಹುದು, ಅಲ್ಲಿಯವರೆಗೆ ಗ್ರಾಚ್ಯುಟಿಯನ್ನು ತಡೆಹಿಡಿಯಬಹುದು ಎಂದು ಇಬ್ಬರು ನ್ಯಾಯಮೂರ್ತಿಗಳು ಹೇಳಿದರು. ನ್ಯಾಯಮೂರ್ತಿ ಅಜಯ್ ರಸ್ತೋಗಿ ಅವರು ಭಿನ್ನಮತ ಬರೆದರು. ಅವರ ತರ್ಕ ನನಗೆ ಹೆಚ್ಚು ಸರಿಯೆನಿಸುತ್ತದೆ, ಆದರೆ ಭಿನ್ನಮತದ ಮೇಲೆ ಆದೇಶ ಸಿಗುವುದಿಲ್ಲ.

ಆದ್ದರಿಂದ ಗ್ರಾಚ್ಯುಟಿ ಈಗ ತಡೆಯಲ್ಲಿರುವುದು ಕಾನೂನುಬಾಹಿರವಲ್ಲ. ಆದರೆ ತಡೆಹಿಡಿಯುವುದೇ ಬೇರೆ, ಮುಟ್ಟುಗೋಲು ಹಾಕಿಕೊಳ್ಳುವುದೇ ಬೇರೆ. ಮುಟ್ಟುಗೋಲಿಗೆ ಕಾಯ್ದೆಯ 4(6)ನೇ ಕಲಮಿನ ಷರತ್ತುಗಳೆಲ್ಲವೂ ಕೂಡಿಬರಬೇಕು. ಮೊದಲನೆಯದಾಗಿ ಸೇವೆಯಿಂದ ತೆಗೆದುಹಾಕುವ ದಂಡನೆ ಆಗಿರಬೇಕು. ಬರೀ ವೇತನ ಕಡಿತದ ದಂಡನೆಯಾದರೆ ಗ್ರಾಚ್ಯುಟಿಯನ್ನು ಪೂರ್ತಿ ಕೊಡಲೇಬೇಕು. ನಷ್ಟದ ಕಾರಣಕ್ಕಾದರೆ, ಆದ ನಷ್ಟದ ಮಟ್ಟಿಗೆ ಮಾತ್ರ. ಇಲ್ಲಿ ನೋಡಿ, ಚಾರ್ಜ್‌ಶೀಟಿನಲ್ಲಿರುವುದು "ನಷ್ಟವಾಗುವ ಸಂಭವ". ಜಾಮೀನು ಆಸ್ತಿಯನ್ನು ಹರಾಜು ಹಾಕಿ ಬಂದದ್ದೆಷ್ಟು, ನಿಜವಾಗಿ ಮುಳುಗಿದ್ದೆಷ್ಟು ಎಂದು ಬ್ಯಾಂಕು ಲೆಕ್ಕ ಕೊಡದೆ 62 ಲಕ್ಷವೆಂಬ ಅಂಕಿಯನ್ನು ಮುಂದಿಟ್ಟರೆ ಅದು ನಿಲ್ಲುವುದಿಲ್ಲ. ಇದಕ್ಕೆ ಪ್ರತ್ಯೇಕ ನೋಟಿಸು, ನಿಮ್ಮ ಉತ್ತರ, ಕಾರಣ ಸಹಿತ ಆದೇಶ ಎಲ್ಲವೂ ಬೇಕು.

ಇನ್ನೊಂದು ವಿಷಯ. ನೈತಿಕ ಅಧಃಪತನದ ಕಾರಣಕ್ಕೆ ಗ್ರಾಚ್ಯುಟಿ ಮುಟ್ಟುಗೋಲು ಹಾಕಬೇಕಾದರೆ ಕ್ರಿಮಿನಲ್ ನ್ಯಾಯಾಲಯದಲ್ಲಿ ಶಿಕ್ಷೆಯಾಗಿರಲೇಬೇಕು ಎಂದು 2018ರ ಯೂನಿಯನ್ ಬ್ಯಾಂಕ್ ಪ್ರಕರಣವನ್ನು ಅನೇಕರು ಈಗಲೂ ಉಲ್ಲೇಖಿಸುತ್ತಾರೆ. 2025ರ ಫೆಬ್ರವರಿ 17ರಂದು ವೆಸ್ಟರ್ನ್ ಕೋಲ್ ಫೀಲ್ಡ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ಮಾತನ್ನು ಒಪ್ಪಲಿಲ್ಲ. ಇಲಾಖಾ ವಿಚಾರಣೆಯಲ್ಲಿ ಸಾಬೀತಾದ ದುರ್ನಡತೆ ಅಂತಹ ಅಪರಾಧದ ಸ್ವರೂಪದ್ದಾಗಿದ್ದರೆ ಸಾಕು ಎಂದಿತು. ಅದೇ ತೀರ್ಪಿನಲ್ಲಿ ಟಿಕೆಟ್ ಹಣ ದುರುಪಯೋಗದ ಆರೋಪವಿದ್ದ ಮಹಾರಾಷ್ಟ್ರ ಸಾರಿಗೆ ನಿರ್ವಾಹಕರ ವಿಷಯದಲ್ಲಿ ಮುಟ್ಟುಗೋಲನ್ನು ಶೇಕಡ 25ಕ್ಕೆ ಇಳಿಸಲಾಯಿತು. ಅಂದರೆ ತಪ್ಪಿನ ತೂಕಕ್ಕೆ ತಕ್ಕಂತೆ ಮುಟ್ಟುಗೋಲಿನ ಪ್ರಮಾಣ ಇರಬೇಕೆಂಬ ವಾದಕ್ಕೆ ಆ ತೀರ್ಪಿನಲ್ಲೇ ಆಧಾರ ಸಿಗುತ್ತದೆ. ನಿಮ್ಮ ಮೇಲಿನ ಆರೋಪದಲ್ಲಿ ಅಪ್ರಾಮಾಣಿಕತೆಯ ಮಾತೇ ಇಲ್ಲದ್ದರಿಂದ ಈ ಕಲಮು ನಿಮ್ಮತ್ತ ಸುಳಿಯಬಾರದು.

ನೌಕರರ ಪರ ಪ್ರತಿನಿಧಿಯಾಗಿದ್ದವರು, ಮಂಗಳೂರು:

ವಕೀಲರು ತಿದ್ದಿದ್ದು ಸರಿ. ನಾನು ಹಳೆಯ ತೀರ್ಪನ್ನೇ ಹಿಡಿದುಕೊಂಡಿದ್ದೆ. ಶಿವಮೊಗ್ಗದವರು ನನ್ನ ಆ ಸಾಲುಗಳನ್ನು ಪರಿಗಣಿಸಬಾರದಾಗಿ ವಿನಂತಿ.

ಜಾಗೃತ ವಿಭಾಗದಿಂದ ನಿವೃತ್ತರು, ಬೆಂಗಳೂರು:

ಈ ಚರ್ಚೆಯಲ್ಲಿ ಬ್ಯಾಂಕಿನ ಪಕ್ಷವನ್ನೂ ಯಾರಾದರೂ ಹೇಳಬೇಕು. ಹನ್ನೊಂದು ವರ್ಷ ಜಾಗೃತ ವಿಭಾಗದಲ್ಲಿ, ಅಂದರೆ ನೌಕರರ ಅಕ್ರಮಗಳನ್ನು ಪರಿಶೀಲಿಸುವ ವಿಭಾಗದಲ್ಲಿ, ಇದ್ದವನಾಗಿ ನಾನು ಹೇಳುತ್ತೇನೆ. ಸಾಲ ಕೊಡುವಾಗ ಮಾಡಿದ ತಪ್ಪು ಅಂದೇ ಕಾಣುವುದಿಲ್ಲ. ಮೊದಲ ಎರಡು ವರ್ಷ ಖಾತೆ ಚೆನ್ನಾಗಿಯೇ ನಡೆಯುತ್ತದೆ, ಮೂರನೆಯ ವರ್ಷ ಕಂತು ನಿಲ್ಲುತ್ತದೆ, ಅಷ್ಟರಲ್ಲಿ ಮಂಜೂರು ಮಾಡಿದವರು ಎರಡು ಶಾಖೆ ದಾಟಿ ನಿವೃತ್ತಿಯ ಅಂಚಿಗೆ ಬಂದಿರುತ್ತಾರೆ. ಪಂಜಾಬ್ ನ್ಯಾಷನಲ್ ಬ್ಯಾಂಕಿನ ಮುಂಬಯಿಯ ಬ್ರಾಡಿ ಹೌಸ್ ಶಾಖೆಯ ವಂಚನೆಯನ್ನು ನೆನಪಿಸಿಕೊಳ್ಳಿ. ವರ್ಷಗಟ್ಟಲೆ ನಡೆದ ಆ ವ್ಯವಹಾರ ಬೆಳಕಿಗೆ ಬಂದದ್ದು 2018ರಲ್ಲಿ, ಬ್ಯಾಂಕಿನ ಹೆಸರಿನಲ್ಲಿ ಸಾಲದ ಖಾತರಿ ಪತ್ರಗಳನ್ನು ಹೊರಡಿಸುತ್ತಿದ್ದ ಅಧಿಕಾರಿ 2017ರಲ್ಲಿ ನಿವೃತ್ತರಾದ ಮೇಲೆ. ನಿವೃತ್ತಿಯ ದಿನಾಂಕ ದಾಟಿದರೆ ಎಲ್ಲವೂ ಮಾಫಿ ಎಂಬ ನಿಯಮವಿದ್ದರೆ ಅಂಥವರು ಕೈತೊಳೆದುಕೊಂಡು ಹೋಗುತ್ತಿದ್ದರು. ಠೇವಣಿದಾರರ ಹಣವನ್ನು ಕಾಯುವ ಸಂಸ್ಥೆಗೆ ಈ ಅಧಿಕಾರ ಬೇಕೇ ಬೇಕು.

ಹಾಗೆಂದು ನಿವೃತ್ತಿಯ ಕೊನೆಯ ವಾರದಲ್ಲಿ ಚಾರ್ಜ್‌ಶೀಟ್ ಕೊಡುವ ರೂಢಿಯನ್ನು ನಾನು ಸಮರ್ಥಿಸುವುದಿಲ್ಲ. ಅದು ಏಕೆ ಹಾಗಾಗುತ್ತದೆಂದು ಒಳಗಿನಿಂದ ಕಂಡಿದ್ದೇನೆ. ಖಾತೆ ಕೆಟ್ಟ ಮೇಲೆ ಹೊಣೆಗಾರಿಕೆ ಪರಿಶೀಲನೆಯ ವರದಿ ವಲಯ ಕಚೇರಿಯಲ್ಲಿ ಒಂದು ವರ್ಷ ಕುಳಿತಿರುತ್ತದೆ, ಸ್ಪಷ್ಟೀಕರಣ ಕೇಳಿ ಹಿಂದಕ್ಕೆ ಹೋಗುತ್ತದೆ, ಮತ್ತೆ ಬರುತ್ತದೆ. ತಿಂಗಳ ಆರಂಭದಲ್ಲಿ ನಿವೃತ್ತರಾಗುವವರ ಪಟ್ಟಿ ಬಂದಾಗ ಯಾರ ಕಡತ ಬಾಕಿಯಿದೆಯೆಂದು ಹುಡುಕುತ್ತಾರೆ. ಈಗ ಬಿಟ್ಟರೆ ಮುಂದೆ ನಮ್ಮನ್ನೇ ಕೇಳುತ್ತಾರೆಂಬ ಭಯದಲ್ಲಿ ಹದಿನೈದು ದಿನದಲ್ಲಿ ಆರೋಪಗಳನ್ನು ಹೊಸೆಯುತ್ತಾರೆ. ಅಂತಹ ಚಾರ್ಜ್‌ಶೀಟುಗಳಲ್ಲಿ ಗಂಭೀರ ತಪ್ಪಿಗೂ ಸಾಮಾನ್ಯ ಲೋಪಕ್ಕೂ ಭೇದವೇ ಇರುವುದಿಲ್ಲ. ವಸೂಲಾಗದ ಸಾಲಗಳ ಹೊಣೆಗಾರಿಕೆ ಪರಿಶೀಲನೆಯನ್ನು ಆರು ತಿಂಗಳೊಳಗೆ ಮುಗಿಸಬೇಕೆಂದು ಕೇಂದ್ರ ಹಣಕಾಸು ಸೇವೆಗಳ ಇಲಾಖೆ 2021ರ ಅಕ್ಟೋಬರ್‌ನಲ್ಲಿ ಮಾರ್ಗಸೂಚಿ ಕೊಟ್ಟದ್ದು ಈ ರೋಗಕ್ಕೇ. ಶಿವಮೊಗ್ಗದವರು ಅದನ್ನು ತಮ್ಮ ಉತ್ತರದಲ್ಲಿ ಎತ್ತಬಹುದು.

ವಕೀಲರು, ಧಾರವಾಡ:

ಎತ್ತಬಹುದು, ಆದರೆ ಅದರ ಮೇಲೆ ಭಾರ ಹಾಕಬಾರದು. ಆ ಮಾರ್ಗಸೂಚಿ 2022ರ ಏಪ್ರಿಲ್ 1ರಿಂದ ಕೆಡುವ ಖಾತೆಗಳಿಗೆ ಸಂಬಂಧಿಸಿದ್ದು. ಇವರ ಖಾತೆ 2021ರ ಮಾರ್ಚ್‌ನಲ್ಲೇ ಕೆಟ್ಟಿದೆ. ವಿಳಂಬದ ವಾದಕ್ಕೆ 2015ರ ಸುಪ್ರೀಂ ಕೋರ್ಟ್ ತೀರ್ಪೊಂದು ಹೆಚ್ಚು ಉಪಯೋಗಕ್ಕೆ ಬರುತ್ತದೆ. ದೆಹಲಿಯ ನ್ಯಾಯಾಲಯದ ನೌಕರರೊಬ್ಬರ ಪ್ರಕರಣದಲ್ಲಿ, ಇಲಾಖಾ ವಿಚಾರಣೆಯನ್ನು ಆರು ತಿಂಗಳಲ್ಲಿ, ಅನಿವಾರ್ಯವಾದರೆ ಹೆಚ್ಚೆಂದರೆ ಒಂದು ವರ್ಷದಲ್ಲಿ ಮುಗಿಸಲು ಪ್ರಯತ್ನಿಸಬೇಕೆಂದು ನ್ಯಾಯಾಲಯ ಹೇಳಿತು. ಒಂದು ವರ್ಷ ದಾಟಿದ ಮಾತ್ರಕ್ಕೆ ವಿಚಾರಣೆ ರದ್ದಾಗುವುದಿಲ್ಲ, ಆದರೆ ಕಾಲಮಿತಿ ವಿಧಿಸಿ ಎಂದು ಹೈಕೋರ್ಟಿಗೆ ಹೋಗಲು ಅದು ಬಲವಾದ ಆಧಾರ. ರಾಷ್ಟ್ರೀಕೃತ ಬ್ಯಾಂಕುಗಳ ಅಧಿಕಾರಿಗಳಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿಯ ದಾರಿ ಇಲ್ಲ, ಸಂವಿಧಾನದ 226ನೇ ವಿಧಿಯ ಅಡಿ ಹೈಕೋರ್ಟಿಗೆ ರಿಟ್ ಅರ್ಜಿಯೇ ದಾರಿ.

ನಿವೃತ್ತ ಅಧಿಕಾರಿ, ಉಡುಪಿ:

ನನ್ನ ಪ್ರಶ್ನೆ ಸ್ವಲ್ಪ ಬೇರೆ. ನಮ್ಮ ಬ್ಯಾಂಕು ಇನ್ನೊಂದರೊಳಗೆ ವಿಲೀನವಾಗಿ ಹೋಗಿದೆ. ಸಿಂಡಿಕೇಟ್, ಕಾರ್ಪೊರೇಷನ್, ವಿಜಯಾ, ಮೈಸೂರು ಬ್ಯಾಂಕುಗಳಲ್ಲಿದ್ದ ನಮ್ಮ ಜಿಲ್ಲೆಯ ಎಷ್ಟೋ ಮಂದಿಯ ಸ್ಥಿತಿ ಇದೇ. ನಾನು ನಿವೃತ್ತನಾದ ಮೇಲೆ, ಹದಿನಾಲ್ಕು ತಿಂಗಳ ನಂತರ, ನಾನು ಮಂಜೂರು ಮಾಡಿದ್ದ ಸಾಲವೊಂದರ ಬಗ್ಗೆ ಹೊಸ ಬ್ಯಾಂಕಿನಿಂದ ಚಾರ್ಜ್‌ಶೀಟ್ ಬಂತು. ನಿವೃತ್ತಿಗೆ ಮೊದಲು ಒಂದು ವಿವರಣೆ ಕೇಳುವ ಪತ್ರ ಬಂದಿತ್ತು, ಉತ್ತರಿಸಿದ್ದೆ. ಆ ಪತ್ರವೇ ವಿಚಾರಣೆಯ ಆರಂಭ ಎಂದು ಬ್ಯಾಂಕು ವಾದಿಸುತ್ತಿದೆ. ಇದು ಸರಿಯೇ?

ವಕೀಲರು, ಧಾರವಾಡ:

ಸರಿಯಲ್ಲ. ಈ ಪ್ರಶ್ನೆ 2007ರಲ್ಲಿ ಯೂಕೋ ಬ್ಯಾಂಕಿನ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದಿತ್ತು. ವಿವರಣೆ ಕೇಳುವ ಪತ್ರವಾಗಲಿ ಪ್ರಾಥಮಿಕ ತನಿಖೆಯಾಗಲಿ ಶಿಸ್ತು ಕ್ರಮದ ಆರಂಭವಲ್ಲ, ಚಾರ್ಜ್‌ಶೀಟ್ ಹೊರಟಾಗಲೇ ಅದು ಆರಂಭವಾಗುತ್ತದೆ ಎಂದು ಅಲ್ಲಿ ನಿರ್ಧಾರವಾಯಿತು. ಸೇವೆ ಮುಗಿದ ಮೇಲೆ ಆರಂಭವಾದ ವಿಚಾರಣೆಗೆ "ಸೇವೆಯಲ್ಲಿರುವಂತೆ ಭಾವಿಸುವ" ನಿಯಮದ ಆಸರೆ ಸಿಗುವುದಿಲ್ಲ. ಸ್ಟೇಟ್ ಬ್ಯಾಂಕಿನ ಪ್ರಕರಣದಲ್ಲಿ 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಮತ್ತೆ ಹೇಳಿತು. ಅಲ್ಲಿ ವಿಸ್ತರಿಸಿದ್ದ ಸೇವಾವಧಿಯೂ ಮುಗಿದ ಮೇಲೆ ಚಾರ್ಜ್‌ಶೀಟ್ ಕೊಟ್ಟಿದ್ದರು.

ಆದರೆ ಉಡುಪಿಯವರು ಇದನ್ನು ಓದಿ ಪೂರ್ತಿ ನಿರಾಳರಾಗಬಾರದು. ನೀವು ಪಿಂಚಣಿದಾರರಾಗಿದ್ದರೆ 1995ರ ನಿಯಮಾವಳಿಯ 48ನೇ ನಿಯಮ ಬೇರೆಯದೇ ಬಾಗಿಲು ತೆರೆದಿಟ್ಟಿದೆ. ಅದರಡಿ ನಿವೃತ್ತಿಯ ನಂತರವೂ ಕ್ರಮ ಆರಂಭಿಸಬಹುದು, ಆದರೆ ಘಟನೆ ನಡೆದು ನಾಲ್ಕು ವರ್ಷ ದಾಟಿರಬಾರದು. ಆ ವಿಚಾರಣೆಯಲ್ಲಿ ನಿಮ್ಮನ್ನು ವಜಾ ಮಾಡಲು ಬರುವುದಿಲ್ಲ. ಗುರುತರ ದುರ್ನಡತೆ, ನಿರ್ಲಕ್ಷ್ಯ, ನಂಬಿಕೆದ್ರೋಹ, ಫೋರ್ಜರಿ, ವಂಚನೆಗಳಂಥದ್ದು ಸಾಬೀತಾದರೆ ಪಿಂಚಣಿಯನ್ನು ಪೂರ್ತಿ ಅಥವಾ ಭಾಗಶಃ ತಡೆಯಬಹುದು, ನಷ್ಟವನ್ನು ಪಿಂಚಣಿಯಿಂದ ವಸೂಲು ಮಾಡಬಹುದು. ಅಂತಿಮ ಆದೇಶಕ್ಕೆ ಮೊದಲು ನಿರ್ದೇಶಕ ಮಂಡಳಿಯೊಂದಿಗೆ ಸಮಾಲೋಚಿಸಬೇಕು. ವಸೂಲಿಯು ಸಾಮಾನ್ಯವಾಗಿ ನಿವೃತ್ತಿಯ ದಿನದ ಪಿಂಚಣಿಯ ಮೂರನೇ ಒಂದು ಭಾಗವನ್ನು ಮೀರಬಾರದು, ಉಳಿದದ್ದು ಕನಿಷ್ಠ ಪಿಂಚಣಿಗಿಂತ ಕೆಳಗಿಳಿಯಬಾರದು. ಆದ್ದರಿಂದ ಮೊದಲು ನಿಮ್ಮ ಚಾರ್ಜ್‌ಶೀಟ್ ಯಾವ ನಿಯಮದಡಿ ಹೊರಟಿದೆ ಎಂಬುದನ್ನು ನೋಡಿ, ಆಮೇಲೆ ಸಾಲ ಮಂಜೂರಾದ ದಿನದಿಂದ ಚಾರ್ಜ್‌ಶೀಟಿನ ದಿನದವರೆಗೆ ನಾಲ್ಕು ವರ್ಷದ ಲೆಕ್ಕ ಹಾಕಿ. ಖಾತೆ ಕೆಟ್ಟ ದಿನದಿಂದ ಎಣಿಸಬೇಕೆಂದು ಬ್ಯಾಂಕು ವಾದಿಸಬಹುದು. ನಿಮ್ಮ ಮೇಲಿನ ಆರೋಪ ಮಂಜೂರಾತಿಯ ಕುರಿತಾಗಿದ್ದರೆ ಘಟನೆ ನಡೆದದ್ದು ಮಂಜೂರಾತಿಯ ದಿನ ಎಂಬುದೇ ನಮ್ಮ ವಾದವಾಗಬೇಕು.

ನಿವೃತ್ತ ಅಧಿಕಾರಿ, ಉಡುಪಿ:

ಧನ್ಯವಾದಗಳು ಸರ್. ಚಾರ್ಜ್‌ಶೀಟ್ 1976ರ ಶಿಸ್ತು ಮತ್ತು ಮೇಲ್ಮನವಿ ನಿಯಮಾವಳಿಯಡಿ ಮಾತ್ರ ಇದೆ, ಪಿಂಚಣಿ ನಿಯಮದ ಉಲ್ಲೇಖವೇ ಇಲ್ಲ. ಮಂಜೂರಾತಿಗೆ ಐದೂವರೆ ವರ್ಷವಾಗಿತ್ತು. ಕಾಗದಗಳೊಂದಿಗೆ ವಕೀಲರೊಬ್ಬರನ್ನು ಕಾಣುತ್ತೇನೆ.

ಮಗಳು, ಹಾಸನ:

ಇಲ್ಲಿ ಬರೆಯುವುದು ಸರಿಯೋ ತಿಳಿಯದು. ನನ್ನ ತಂದೆ ಬ್ಯಾಂಕಿನಲ್ಲಿ ಅಧಿಕಾರಿಯಾಗಿದ್ದರು. ನಿವೃತ್ತಿಗೆ ಎರಡು ತಿಂಗಳ ಮೊದಲು ಅವರ ಮೇಲೆ ವಿಚಾರಣೆ ಆರಂಭವಾಯಿತು. ಮೂರು ವರ್ಷ ಅವರು ಪ್ರತಿ ತಿಂಗಳೂ ಕಾಗದದ ಚೀಲ ಹಿಡಿದು ಬೆಂಗಳೂರಿಗೆ ಹೋಗಿ ಬಂದರು. ಕಳೆದ ವರ್ಷ ಹೃದಯಾಘಾತದಿಂದ ತೀರಿಕೊಂಡರು. ಅಂತಿಮ ಆದೇಶ ಆಗಿರಲಿಲ್ಲ. ಅಮ್ಮನಿಗೆ ಕುಟುಂಬ ಪಿಂಚಣಿ ಬರುತ್ತಿದೆ. ಗ್ರಾಚ್ಯುಟಿ ಕೇಳಿದರೆ "ಕೇಸು ಬಾಕಿಯಿದೆ" ಎನ್ನುತ್ತಾರೆ. ಅಪ್ಪನೇ ಇಲ್ಲದ ಮೇಲೆ ಕೇಸು ಯಾರ ಮೇಲೆ ಬಾಕಿಯಿದೆಯೆಂದು ಕೇಳಿದೆ, ಉತ್ತರ ಬರಲಿಲ್ಲ.

ನೌಕರರ ಪರ ಪ್ರತಿನಿಧಿಯಾಗಿದ್ದವರು, ಮಂಗಳೂರು:

ಅಮ್ಮಾ, ಇಲ್ಲಿ ಬರೆದದ್ದು ಸರಿಯೇ. ನೀವು ಕೇಳಿದ ಪ್ರಶ್ನೆಯೇ ಕಾನೂನಿನ ಪ್ರಶ್ನೆಯೂ ಹೌದು. ನೌಕರರು ತೀರಿಕೊಂಡರೆ ಇಲಾಖಾ ವಿಚಾರಣೆ ಅಲ್ಲಿಗೇ ನಿಲ್ಲುತ್ತದೆ. ಉತ್ತರಿಸಲು ವ್ಯಕ್ತಿಯೇ ಇಲ್ಲದಾಗ ದೋಷಿಯೆಂದು ತೀರ್ಮಾನಿಸುವಂತಿಲ್ಲ, ತೀರ್ಮಾನವಿಲ್ಲದೆ ಮುಟ್ಟುಗೋಲಿಲ್ಲ. ಅಮ್ಮನವರು ನಾಮನಿರ್ದೇಶಿತರಾಗಿದ್ದರೆ ಅವರ ಹೆಸರಿನಲ್ಲೇ ಗ್ರಾಚ್ಯುಟಿಗೂ ರಜೆಯ ಹಣಕ್ಕೂ ಅರ್ಜಿ ಕೊಡಿ. ಮರಣ ಪ್ರಮಾಣಪತ್ರದ ಪ್ರತಿ ಲಗತ್ತಿಸಿ. ಮೂವತ್ತು ದಿನಗಳಲ್ಲಿ ಹಣವಾಗಲಿ ಕಾರಣ ಸಹಿತ ಉತ್ತರವಾಗಲಿ ಬಾರದಿದ್ದರೆ ಗ್ರಾಚ್ಯುಟಿಯ ದೂರುಗಳನ್ನು ಕೇಳುವ ಪ್ರಾಧಿಕಾರಿಯ ಮುಂದೆ ದೂರು ಕೊಡಬೇಕು. ಹಲವು ರಾಜ್ಯಗಳಲ್ಲಿ ಶಾಖೆಗಳಿರುವ ಬ್ಯಾಂಕಾದ್ದರಿಂದ ಆ ಪ್ರಾಧಿಕಾರಿ ರಾಜ್ಯದ ಕಾರ್ಮಿಕ ಇಲಾಖೆಯವರಲ್ಲ, ಕೇಂದ್ರ ಸರ್ಕಾರದ ಕಾರ್ಮಿಕ ಆಯುಕ್ತರ ಕಚೇರಿಯವರು. ಅನೇಕರು ಜಿಲ್ಲಾ ಕಾರ್ಮಿಕ ಕಚೇರಿಗೆ ಅರ್ಜಿ ಕೊಟ್ಟು ಆರು ತಿಂಗಳು ಕಳೆದುಕೊಳ್ಳುತ್ತಾರೆ. ತಡವಾದ ಅವಧಿಗೆ ಶೇಕಡ 10ರ ಸರಳ ಬಡ್ಡಿಯನ್ನೂ ಕೇಳಿ. ನನ್ನ ಹತ್ತಿರ ಅರ್ಜಿಯ ಕರಡು ಇದೆ, ಬೇಕಾದರೆ ಇಲ್ಲಿಯೇ ಹಾಕುತ್ತೇನೆ.

ಮಗಳು, ಹಾಸನ:

ದಯವಿಟ್ಟು ಹಾಕಿ ಸರ್. ಅಮ್ಮ ಈ ಉತ್ತರವನ್ನು ಎರಡು ಸಲ ಓದಿಸಿಕೊಂಡರು.

ಮಾಜಿ ಗುಮಾಸ್ತ, ಹುಬ್ಬಳ್ಳಿ:

ನಾನು ಅಧಿಕಾರಿಯಲ್ಲ, ಕ್ಲರ್ಕ್ ಆಗಿದ್ದವನು. "ನಿವೃತ್ತಿ ಸೌಲಭ್ಯಗಳೊಂದಿಗೆ ಸೇವೆಯಿಂದ ತೆಗೆದುಹಾಕಲಾಗಿದೆ" ಎಂದು ಆದೇಶದಲ್ಲೇ ಬರೆದಿದ್ದಾರೆ. ಆದರೆ ಪಿಂಚಣಿ ಕೇಳಲು ಹೋದಾಗ, ಪಿಂಚಣಿ ನಿಯಮಾವಳಿಯ 22ನೇ ನಿಯಮದ ಪ್ರಕಾರ ತೆಗೆದುಹಾಕಲ್ಪಟ್ಟವರ ಹಿಂದಿನ ಸೇವೆಯೆಲ್ಲ ಲಯವಾಗುತ್ತದೆ, ಹಾಗಾಗಿ ಪಿಂಚಣಿಯಿಲ್ಲ ಎಂದರು. ಒಂದು ಕೈಯಲ್ಲಿ ಕೊಟ್ಟು ಇನ್ನೊಂದು ಕೈಯಲ್ಲಿ ಕಿತ್ತುಕೊಂಡಂತೆ ಆಗಿದೆ.

ವಕೀಲರು, ಧಾರವಾಡ:

ನಿಮ್ಮ ಪ್ರಶ್ನೆಗೆ 2013ರಲ್ಲೇ ಉತ್ತರ ಸಿಕ್ಕಿದೆ. ಬ್ಯಾಂಕ್ ಆಫ್ ಬರೋಡಾದ ಪ್ರಕರಣದಲ್ಲಿ ಇದೇ ಎರಡು ನಿಯಮಗಳ ತಿಕ್ಕಾಟ ಬಂದಿತ್ತು. ಬ್ಯಾಂಕುಗಳೂ ನೌಕರರ ಸಂಘಗಳೂ ಮಾಡಿಕೊಂಡ ದ್ವಿಪಕ್ಷೀಯ ಒಪ್ಪಂದವು ಸೌಲಭ್ಯಗಳೊಂದಿಗೆ ತೆಗೆದುಹಾಕುವುದನ್ನು ಒಂದು ಪ್ರತ್ಯೇಕ ದಂಡನೆಯೆಂದೇ ಇಟ್ಟಿರುವಾಗ, 22ನೇ ನಿಯಮವನ್ನು ತೋರಿಸಿ ಪಿಂಚಣಿ ನಿರಾಕರಿಸಿದರೆ ಒಪ್ಪಂದದ ಆ ಮಾತಿಗೆ ಅರ್ಥವೇ ಉಳಿಯುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿ ನೌಕರರ ಪರವಾಗಿ ತೀರ್ಪು ಕೊಟ್ಟಿತು. ಪಿಂಚಣಿಗೆ ಬೇಕಾದಷ್ಟು ಅರ್ಹ ಸೇವೆ ನಿಮಗಿದ್ದರೆ ಆ ತೀರ್ಪಿನ ಪ್ರತಿಯೊಂದಿಗೆ ಅರ್ಜಿ ಕೊಡಿ. ಗುಮಾಸ್ತರು ಮತ್ತು ಅಧೀನ ಸಿಬ್ಬಂದಿಗೆ 2002ರ ಏಪ್ರಿಲ್ 10ರ ಶಿಸ್ತು ಒಪ್ಪಂದ ಅನ್ವಯಿಸುತ್ತದೆ, ಅಧಿಕಾರಿಗಳ 1976ರ ನಿಯಮಾವಳಿಯಲ್ಲ. ಈ ಭೇದವನ್ನು ಎಷ್ಟೋ ಸಲ ಬ್ಯಾಂಕಿನವರೇ ಮರೆಯುತ್ತಾರೆ.

ಸಹಕಾರಿ ಬ್ಯಾಂಕಿನ ನಿವೃತ್ತ ನೌಕರ, ವಿಜಯಪುರ:

ನಮ್ಮದು ಸಹಕಾರಿ ಬ್ಯಾಂಕು. ಪಿಂಚಣಿ ಇಲ್ಲ. ನಿವೃತ್ತನಾಗಿ ವರ್ಷವಾದರೂ ವಿಚಾರಣೆ ನಡೆಯುತ್ತಿದೆ.

ವಕೀಲರು, ಧಾರವಾಡ:

ನಿಮ್ಮ ಬ್ಯಾಂಕಿನ ಸೇವಾ ನಿಯಮಗಳ ಪ್ರತಿ ತರಿಸಿಕೊಳ್ಳಿ. ನಿವೃತ್ತಿಯ ನಂತರವೂ ವಿಚಾರಣೆ ಮುಂದುವರಿಸಬಹುದೆಂಬ ಮಾತು ಅದರಲ್ಲಿ ಇಲ್ಲದಿದ್ದರೆ ವಿಚಾರಣೆ ನಿವೃತ್ತಿಯ ದಿನವೇ ಮುಗಿದಂತೆ. ಒಡಿಶಾದ ಹಣಕಾಸು ನಿಗಮವೊಂದರ ಪ್ರಕರಣದಲ್ಲಿ 1999ರಲ್ಲಿ ಸುಪ್ರೀಂ ಕೋರ್ಟ್ ಹೀಗೆಯೇ ಹೇಳಿ ಪೂರ್ತಿ ಸೌಲಭ್ಯ ಕೊಡಿಸಿತು. ನಿಮ್ಮ ಗ್ರಾಚ್ಯುಟಿಗೆ ಮಾತ್ರ ರಾಜ್ಯದ ಕಾರ್ಮಿಕ ಇಲಾಖೆಯ ಅಧಿಕಾರಿಯೇ ಪ್ರಾಧಿಕಾರಿ.

ನೌಕರರ ಪರ ಪ್ರತಿನಿಧಿಯಾಗಿದ್ದವರು, ಮಂಗಳೂರು:

ಶಿವಮೊಗ್ಗದವರಿಗೆ ಒಂದು ಮಾತು. ಇಲ್ಲಿಯ ಚರ್ಚೆಯೆಲ್ಲ ಹಣದ ಸುತ್ತಲೇ ನಡೆದಿದೆ, ಆದರೆ ಹಣದ ಹಣೆಬರಹ ನಿರ್ಧಾರವಾಗುವುದು ವಿಚಾರಣೆಯ ಕೊಠಡಿಯಲ್ಲಿ. ಬೇಸರದಿಂದ ಅದನ್ನು ಬಿಟ್ಟು ಮನೆಯಲ್ಲಿ ಕೂರಬೇಡಿ. ನಿವೃತ್ತರಾದವರು ಮಾಡುವ ದೊಡ್ಡ ತಪ್ಪು ಇದೇ. ನೀವು ಹೋಗದಿದ್ದರೆ ಏಕಪಕ್ಷೀಯವಾಗಿ ಮುಗಿಸುತ್ತಾರೆ. ನಿಮ್ಮ ಮೇಲಿನ ಆರೋಪಕ್ಕೆ ಆಧಾರ ತನಿಖಾ ವರದಿಯಾದರೆ, ಆ ವರದಿ ಬರೆದವರನ್ನು ಸಾಕ್ಷಿಯಾಗಿ ಕರೆಸಿ ಪಾಟೀಸವಾಲು ಮಾಡಲು ಕೇಳಿ. ದಾಖಲೆಯನ್ನು ಮೇಜಿನ ಮೇಲಿಟ್ಟ ಮಾತ್ರಕ್ಕೆ ಅದು ಸಾಬೀತಾಗುವುದಿಲ್ಲವೆಂದು 2008ರಲ್ಲಿ ಪಂಜಾಬ್ ನ್ಯಾಷನಲ್ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ದಾಸ್ತಾನು ಪರಿಶೀಲನೆಯ ರಿಜಿಸ್ಟರು, ಮೌಲ್ಯಮಾಪಕರ ಪಟ್ಟಿಗೆ ಅವರನ್ನು ಸೇರಿಸಿದ ಆದೇಶ, ನಿಮ್ಮ ನಂತರ ಬಂದ ವ್ಯವಸ್ಥಾಪಕರು ಸಾಲವನ್ನು ನವೀಕರಿಸಿದ ಟಿಪ್ಪಣಿ, ಆ ವರ್ಷಗಳ ಆಡಿಟ್ ವರದಿಗಳು, ಇವೆಲ್ಲವನ್ನೂ ಪಟ್ಟಿ ಮಾಡಿ ಬ್ಯಾಂಕಿನಿಂದ ಕೇಳಿ. ಆಡಿಟರು ಅಂದು ಕಾಣದ ಲೋಪ ನಾಲ್ಕು ವರ್ಷದ ನಂತರ ಹೇಗೆ ಕಂಡಿತೆಂದು ಕೇಳುವ ಹಕ್ಕು ನಿಮಗಿದೆ. ವಿಚಾರಣಾ ವರದಿಯ ಪ್ರತಿ ನಿಮ್ಮ ಕೈಗೆ ಬಂದು, ನೀವು ಉತ್ತರ ಕೊಟ್ಟ ಮೇಲೆಯೇ ಅವರು ಆದೇಶ ಮಾಡಬೇಕು. ಆದೇಶ ಬಂದ ದಿನದಿಂದ ಮೇಲ್ಮನವಿಗೆ 45 ದಿನ ಮಾತ್ರ.

ಜಾಗೃತ ವಿಭಾಗದಿಂದ ನಿವೃತ್ತರು, ಬೆಂಗಳೂರು:

ಇದನ್ನು ಪೂರ್ತಿ ಒಪ್ಪುತ್ತೇನೆ. ನಾನು ಕಂಡ ಪ್ರಕರಣಗಳಲ್ಲಿ ನವೀಕರಣದ ಟಿಪ್ಪಣಿ ಅನೇಕರನ್ನು ಉಳಿಸಿದೆ. ಅದನ್ನು ಮೊದಲು ಕೇಳಿ.

ನಿವೃತ್ತ ಹಿರಿಯ ವ್ಯವಸ್ಥಾಪಕ, ಶಿವಮೊಗ್ಗ:

ಮೂರು ತಿಂಗಳ ನಂತರ ಮತ್ತೆ ಬರೆಯುತ್ತಿದ್ದೇನೆ. ತಾತ್ಕಾಲಿಕ ಪಿಂಚಣಿಯ ಬಗ್ಗೆ 46ನೇ ನಿಯಮವನ್ನು ಉಲ್ಲೇಖಿಸಿ ನೋಂದಾಯಿತ ಅಂಚೆಯಲ್ಲಿ ಪತ್ರ ಕಳಿಸಿದೆ. ಐದು ವಾರದ ನಂತರ ಪಿಂಚಣಿ ವಿಭಾಗದಿಂದ ಫೋನು ಬಂತು. ಲೆಕ್ಕದಲ್ಲಿ ತಪ್ಪಾಗಿದೆ, ಸರಿಪಡಿಸುತ್ತೇವೆ ಎಂದರು. ಮೊನ್ನೆ ಒಂದನೇ ತಾರೀಕು ಪೂರ್ತಿ ಪಿಂಚಣಿಯೂ ನಿವೃತ್ತಿಯ ಮರುದಿನದಿಂದ ಸಲ್ಲಬೇಕಾಗಿದ್ದ ಬಾಕಿಯೂ ಖಾತೆಗೆ ಬಂದಿವೆ. ಗ್ರಾಚ್ಯುಟಿ ಮತ್ತು ರಜೆಯ ಹಣ ಇನ್ನೂ ತಡೆಯಲ್ಲಿವೆ. ವಿಚಾರಣೆಯನ್ನು ಗೊತ್ತಾದ ಅವಧಿಯಲ್ಲಿ ಮುಗಿಸಲು ನಿರ್ದೇಶನ ಕೋರಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದ್ದೇವೆ. ನಾನು ಕೇಳಿದ ದಾಖಲೆಗಳಲ್ಲಿ ನವೀಕರಣದ ಟಿಪ್ಪಣಿ ಸಿಕ್ಕಿದೆ. ನಾನು ಆ ಶಾಖೆ ಬಿಟ್ಟ ಹನ್ನೊಂದು ತಿಂಗಳ ಮೇಲೆ ಬರೆದದ್ದು, ದಾಸ್ತಾನು ಮಂಜೂರಾತಿಗೆ ತಕ್ಕಂತಿದೆಯೆಂದು ಅದರಲ್ಲಿ ಸ್ಪಷ್ಟವಾಗಿ ಇದೆ. ಅದನ್ನು ಬರೆದವರನ್ನು ಸಾಕ್ಷಿಯಾಗಿ ಕರೆಸಲು ವಿಚಾರಣಾಧಿಕಾರಿಗಳು ಒಪ್ಪಿದ್ದಾರೆ. ಮುಂದಿನ ಬೈಠಕ್ ಇದೇ ತಿಂಗಳ 18ಕ್ಕೆ ಇದೆ. ಮಂಗಳೂರಿನ ಹಿರಿಯರು ಅಂದು ನನ್ನೊಂದಿಗೆ ಕೂರಲು ಒಪ್ಪಿದ್ದು, ನಿವೃತ್ತರು ಪ್ರತಿನಿಧಿಯಾಗಲು ಬೇಕಾದ ಅನುಮತಿಯನ್ನು ಬ್ಯಾಂಕಿನಿಂದ ಲಿಖಿತವಾಗಿ ಪಡೆದಿದ್ದೇನೆ.